ಅಟ್ಟದ ಮೇಲಿನ ಅಜ್ಜಿಗೆ ಸಮನ್ಸು: ಕಥೆಯೊಳಗೆ ಅಲೌಕಿಕ ನ್ಯಾಯಾಲಯ ಕಟ್ಟುವ ಕ್ರಮ

1872ರ ಭಾರತೀಯ ಕರಾರು ಕಾಯ್ದೆಯ 56ನೇ ಕಲಮು, ಅಸಾಧ್ಯವಾದ ಕೆಲಸವನ್ನು ಮಾಡಿಕೊಡುವುದಾಗಿ ಆದ ಒಪ್ಪಂದವು ಶೂನ್ಯವೆಂದು ಹೇಳುತ್ತದೆ. ಅದಕ್ಕೆ ಕೊಟ್ಟಿರುವ ಮೊದಲನೆಯ ಉದಾಹರಣೆ ಹೀಗಿದೆ: ಮಂತ್ರಶಕ್ತಿಯಿಂದ ನಿಧಿ ಹುಡುಕಿಕೊಡುವುದಾಗಿ ಒಬ್ಬನು ಇನ್ನೊಬ್ಬನೊಡನೆ ಒಪ್ಪಂದ ಮಾಡಿಕೊಳ್ಳುತ್ತಾನೆ, ಆ ಒಪ್ಪಂದ ಶೂನ್ಯ. ಈ ಒಂದು ಸಾಲು ಮಾಟ, ಮಂತ್ರ, ಶಾಪ, ವರಗಳನ್ನೆಲ್ಲ ಕೋರ್ಟಿನ ಮೆಟ್ಟಿಲ ಕೆಳಗೇ ನಿಲ್ಲಿಸಿಬಿಟ್ಟಿದೆ. ಅಲೌಕಿಕ ವ್ಯಾಜ್ಯಗಳನ್ನು ತೀರಿಸುವ ನ್ಯಾಯಾಲಯವೊಂದನ್ನು ಕಥೆಯಲ್ಲಿ ಕಟ್ಟಬೇಕೆಂದಿರುವವರು ಮೊದಲು ಮಾಡಬೇಕಾದ ಕೆಲಸವೆಂದರೆ ಈ ಸಾಲನ್ನು ಹೊಡೆದುಹಾಕುವುದು. ಎರಡನೆಯ ಕೆಲಸ, ಅದನ್ನು ಬಿಟ್ಟು ಉಳಿದ ಕಾಯ್ದೆಯನ್ನು ಮುಟ್ಟದೆ ಹಾಗೆಯೇ ಇಟ್ಟುಕೊಳ್ಳುವುದು.

ಎರಡನೆಯ ಕೆಲಸವೇ ಹೆಚ್ಚು ಕಷ್ಟದ್ದು. ಹೊಸದಾಗಿ ಬರೆಯುವವರು ನ್ಯಾಯಾಧೀಶರಿಗೆ ಮೂರನೆಯ ಕಣ್ಣು ಕೊಡುತ್ತಾರೆ, ಸುಳ್ಳು ಹೇಳಿದ ಸಾಕ್ಷಿಯ ನಾಲಗೆ ಕಪ್ಪಾಗುವಂತೆ ಮಾಡುತ್ತಾರೆ, ಕೊನೆಗೆ ದೇವರೊಬ್ಬರು ಪ್ರತ್ಯಕ್ಷರಾಗಿ ತೀರ್ಪು ಹೇಳಿ ಮಾಯವಾಗುತ್ತಾರೆ. ಅಷ್ಟಾದ ಮೇಲೆ ವಕೀಲರಿಗೂ ಕೆಲಸವಿಲ್ಲ, ಓದುಗರಿಗೂ ಕೆಲಸವಿಲ್ಲ. ನಾನು ಕೆಲವು ವರ್ಷ ತಾಲ್ಲೂಕು ಕೋರ್ಟೊಂದರಲ್ಲಿ ಸಾಕ್ಷಿಗಳ ಹೇಳಿಕೆಯನ್ನು ಟೈಪು ಮಾಡುವ ಕೆಲಸದಲ್ಲಿದ್ದೆ. ಅಲ್ಲಿ ಕುಳಿತು ಕಂಡದ್ದೇನೆಂದರೆ, ಮೊಕದ್ದಮೆಯ ಕಥೆಯೆಲ್ಲ ಜಾರಿಯಾಗದೆ ವಾಪಸು ಬಂದ ಸಮನ್ಸಿನಲ್ಲಿ, ಸಿಗದ ಕ್ರಯಪತ್ರದಲ್ಲಿ, ಪಾಟೀ ಸವಾಲಿನ ನಡುವೆ ಬಾಯಿತಪ್ಪಿ ಬಂದ ಒಂದು ‘ಹೌದು’ ಎಂಬ ಮಾತಿನಲ್ಲಿ ಇರುತ್ತದೆ. ಮಾಯೆಯನ್ನು ವ್ಯಾಜ್ಯದ ವಿಷಯವಾಗಿ ಇಟ್ಟುಕೊಳ್ಳಬೇಕು. ತೀರ್ಪು ಕೊಡುವ ಕೆಲಸವನ್ನು ಅದಕ್ಕೆ ವಹಿಸಬಾರದು.

ವ್ಯಾಜ್ಯವನ್ನು ಆರಿಸುವುದು

ವ್ಯಾಜ್ಯ ಎಷ್ಟು ಸಾಮಾನ್ಯವಾಗಿದ್ದರೆ ಅಷ್ಟು ಒಳ್ಳೆಯದು. ಮನುಸ್ಮೃತಿಯು ಪಟ್ಟಿ ಮಾಡುವ ಹದಿನೆಂಟು ವ್ಯವಹಾರಪದಗಳಲ್ಲಿ, ಅಂದರೆ ವ್ಯಾಜ್ಯದ ಬಗೆಗಳಲ್ಲಿ, ಮೊದಲನೆಯದು ಸಾಲವನ್ನು ಹಿಂದಿರುಗಿಸದಿರುವುದು. ಅಲೌಕಿಕ ಕೋರ್ಟಿನಲ್ಲೂ ಸಾಲವೇ ಮೊದಲು ಬರಲಿ: ಹರಕೆ ಹೊತ್ತು ಕೆಲಸವಾದ ಮೇಲೆ ಮರೆತವನ ಮೇಲೆ ದೈವವು ಹೂಡುವ ದಾವೆಯೆಂದರೆ ಸಾಲವಸೂಲಿಯ ದಾವೆಯೇ. ವರವನ್ನು ಕರಾರಿನಂತೆ ಓದಬಹುದು, ಶಾಪವನ್ನು ದಿನದಿನವೂ ಮುಂದುವರಿಯುವ ಉಪದ್ರವದಂತೆ ಓದಬಹುದು. ‘ಲೋಕದ ಸಮತೋಲ ಕೆಟ್ಟಿದೆ’ ಎಂಬಂಥ ಫಿರ್ಯಾದು ಹೇಳಿಕೊಳ್ಳುವುದಕ್ಕೆ ದೊಡ್ಡದು; ಆದರೆ ಕೇಳುವ ಪರಿಹಾರವೇನು, ಕೋರ್ಟು ಶುಲ್ಕ ಎಷ್ಟು ಎಂದು ಶಿರಸ್ತೇದಾರರು ಕೇಳಿದರೆ ಅದು ಉತ್ತರ ಕೊಡಲಾರದು.

ಈ ಬರಹದ ಉದ್ದಕ್ಕೂ ಒಂದೇ ವ್ಯಾಜ್ಯವನ್ನು ಇಟ್ಟುಕೊಳ್ಳೋಣ. ತೀರ್ಥಹಳ್ಳಿ ಕಡೆ ಅಡಿಕೆ ತೋಟದ ನಡುವೆ ಒಂದು ಹಳೆಯ ಹೆಂಚಿನ ಮನೆ ಇದೆ. ಆ ಮನೆಯ ಅಜ್ಜಿ ಸತ್ತು ಇಪ್ಪತ್ತೆರಡು ವರ್ಷವಾದರೂ ಅಟ್ಟ ಬಿಟ್ಟು ಇಳಿದಿಲ್ಲ; ರಾತ್ರಿ ಎರಡನೆಯ ಜಾವಕ್ಕೆ ಅಡುಗೆಮನೆಯ ಪಕ್ಕದ ಒರಳಿನಲ್ಲಿ ಒನಕೆ ಬೀಳುವ ಸದ್ದು ತಪ್ಪದೆ ಕೇಳುತ್ತದೆ. ಮಕ್ಕಳು ಮನೆಯನ್ನು ಬೆಂಗಳೂರಿನ ದಂಪತಿಗೆ ಮಾರಿದ್ದಾರೆ. ದಂಪತಿ ಒಬ್ಬ ಮಂತ್ರವಾದಿಗೆ ಮುಂಗಡ ಕೊಟ್ಟು ಕರೆಸಿದರು. ಅವನು ನಿಂಬೆಹಣ್ಣು ಕತ್ತರಿಸಿ, ಹೊಸ್ತಿಲಿಗೆ ಮೊಳೆ ಹೊಡೆದು ಹೋದ ಮರುದಿನವೂ ಒನಕೆ ಬಿತ್ತು. ಈಗ ಎರಡು ದಾವೆಗಳು ಹುಟ್ಟುತ್ತವೆ: ಮನೆಯ ಸ್ವಾಧೀನಕ್ಕಾಗಿ ಅಜ್ಜಿಯ ಮೇಲೆ ಒಂದು, ಮುಂಗಡದ ವಾಪಸಾತಿಗಾಗಿ ಮಂತ್ರವಾದಿಯ ಮೇಲೆ ಒಂದು. ನಮ್ಮ ಲೋಕದ ಕೋರ್ಟಿನಲ್ಲಿ ಎರಡನೆಯದನ್ನು 56ನೇ ಕಲಮಿನ ಆ ಸಾಲು ನುಂಗಿಬಿಡುತ್ತದೆ. ಸಾಲನ್ನು ನಾವು ಹೊಡೆದುಹಾಕಿರುವುದರಿಂದ ಮಂತ್ರವಾದಿ ಈಗ ಮನೆಗೆ ಬಣ್ಣ ಹೊಡೆಯಲು ಒಪ್ಪಿಕೊಂಡು ಅರ್ಧಕ್ಕೆ ಬಿಟ್ಟುಹೋದ ಮೇಸ್ತ್ರಿಗೆ ಸಮ. ಅವನ ವಕೀಲರೂ ಮೇಸ್ತ್ರಿಯ ವಕೀಲರು ಹೇಳುವುದನ್ನೇ ಹೇಳುತ್ತಾರೆ: ವಾದಿಗಳು ಒದಗಿಸಿದ ಸಾಮಗ್ರಿ ಕಳಪೆಯಾಗಿತ್ತು, ನಿಂಬೆಹಣ್ಣು ಹಿಂದಿನ ದಿನದ್ದಾಗಿತ್ತು.

ಇಲ್ಲೊಂದು ಮಾತು. ವಾಮಾಚಾರ ಮತ್ತು ಅಮಾನವೀಯ ಪದ್ಧತಿಗಳ ವಿರುದ್ಧ ಕರ್ನಾಟಕವು 2017ರಲ್ಲಿ ಮಾಡಿಕೊಂಡ ಕಾಯ್ದೆಯು ದೆವ್ವ ಬಿಡಿಸುವ ನೆಪದಲ್ಲಿ ಮನುಷ್ಯರನ್ನು ಕಟ್ಟಿ ಹೊಡೆಯುವುದನ್ನು ಅಪರಾಧವೆಂದು ಹೇಳುತ್ತದೆ. ನಿಮ್ಮ ಕಥೆಯ ಲೋಕದಲ್ಲೂ ಅದು ಅಪರಾಧವಾಗಿಯೇ ಉಳಿಯಲಿ. ದೆವ್ವ ನಿಜವಾದ ಮಾತ್ರಕ್ಕೆ ಬೆತ್ತ ನ್ಯಾಯವಾಗುವುದಿಲ್ಲ.

ಯಾರು ಕಕ್ಷಿದಾರರು, ಯಾವ ಪೀಠ

ಅಜ್ಜಿಯ ಮೇಲೆ ದಾವೆ ಹೂಡಬೇಕಾದರೆ ಅಜ್ಜಿ ಕಾನೂನಿನ ಕಣ್ಣಿಗೆ ‘ವ್ಯಕ್ತಿ’ಯಾಗಿರಬೇಕು. ಈ ವಿಷಯದಲ್ಲಿ ನಮ್ಮ ದೇಶದ ಬರಹಗಾರರಿಗೆ ಇರುವ ಅನುಕೂಲ ಬೇರೆಯವರಿಗೆ ಇಲ್ಲ. ದೇವತಾಮೂರ್ತಿಯು ಆಸ್ತಿ ಹೊಂದಬಲ್ಲ, ದಾವೆ ಹೂಡಬಲ್ಲ ವ್ಯಕ್ತಿಯೆಂಬುದು ನಮ್ಮ ನ್ಯಾಯಾಲಯಗಳಿಗೆ ಹಳೆಯ ವಿಷಯ. 1925ರಲ್ಲಿ ಕಲಕತ್ತೆಯ ಮಲ್ಲಿಕ್ ಕುಟುಂಬದ ಮನೆದೇವರ ಕುರಿತು ಆಗಿನ ಕೊನೆಯ ಮೇಲ್ಮನವಿ ಪೀಠವಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲಿಗೆ ಹೋದ ವ್ಯಾಜ್ಯದಲ್ಲಿ, ತಾನು ಎಲ್ಲಿರಬೇಕೆಂಬ ವಿಷಯದಲ್ಲಿ ದೇವರ ಇಚ್ಛೆಯನ್ನೂ ಗೌರವಿಸಬೇಕು, ಕುಟುಂಬದ ಜಗಳದಲ್ಲಿ ಸೇರದ ವಾದಮಿತ್ರರೊಬ್ಬರು ದೇವರ ಪರವಾಗಿ ಮಾತಾಡಬೇಕು ಎಂಬ ನಿಲುವು ಬಂತು. ತಂಜಾವೂರು ಸೀಮೆಯ ಪತ್ತೂರಿನಿಂದ ಕಳವಾಗಿ ಲಂಡನ್ನಿಗೆ ಹೋಗಿದ್ದ ನಟರಾಜನ ಮೊಕದ್ದಮೆಯಲ್ಲಿ, 1991ರಲ್ಲಿ, ಇಂಗ್ಲೆಂಡಿನ ಮೇಲ್ಮನವಿ ನ್ಯಾಯಾಲಯವು ಪಾಳುಬಿದ್ದ ದೇವಾಲಯವೊಂದು ವಾದಿಯಾಗಿ ನಿಲ್ಲಬಹುದೆಂದು ಒಪ್ಪಿಕೊಂಡಿತು. 2017ರಲ್ಲಿ ಉತ್ತರಾಖಂಡದ ಹೈಕೋರ್ಟು ಗಂಗೆ-ಯಮುನೆಯರನ್ನು ವ್ಯಕ್ತಿಗಳೆಂದಿತು. ಅದೇ ವರ್ಷ ಸುಪ್ರೀಂ ಕೋರ್ಟು ಆ ಆದೇಶಕ್ಕೆ ತಡೆ ಕೊಟ್ಟಿತು. ಕಲ್ಲು, ಗುಡಿ, ನದಿಗಳ ವರೆಗೆ ಬಂದ ಮೇಲೆ ಅಜ್ಜಿಯ ವರೆಗೆ ಇರುವ ದೂರ ಬಹಳವಲ್ಲ. ಆದರೆ ಆ ದೂರವನ್ನು ಕಥೆಗಾರರು ಬಾಯಿಮಾತಿನಲ್ಲಿ ಹಾರಿಬಿಡಬಾರದು. ಸತ್ತವರ ಆಸ್ತಿ ವಾರಸುದಾರರಿಗೆ ಇಳಿಯುವುದರಿಂದ, ಅಜ್ಜಿ ವ್ಯಕ್ತಿಯಾಗಿ ಉಳಿದರೆ ಮಕ್ಕಳು ಮಾಡಿಕೊಟ್ಟ ಕ್ರಯಪತ್ರವೇ ಅಲುಗಾಡುತ್ತದೆ. ಹೀಗೆ ಒಂದು ನಿಯಮವನ್ನು ಬದಲಿಸಿದಾಗ ಅದು ಎಲ್ಲೆಲ್ಲಿ ತಾಗುತ್ತದೆಂದು ಒಂದು ಹಾಳೆಯಲ್ಲಿ ಬರೆದಿಟ್ಟುಕೊಳ್ಳುವುದು ಲೇಸು.

ಪೀಠದ ವಿಷಯವನ್ನು ಬೇಗ ಮುಗಿಸಬಹುದು. ಯಮನ ಸಭೆಯನ್ನು ಮಾದರಿಯಾಗಿ ಇಟ್ಟುಕೊಳ್ಳಬೇಡಿ. ಅಲ್ಲಿ ಚಿತ್ರಗುಪ್ತನ ಕಡತದಲ್ಲಿ ಎಲ್ಲವೂ ದಾಖಲಾಗಿರುವುದರಿಂದ ಸಂಗತಿಗಳ ಬಗ್ಗೆ ವಿವಾದವೇ ಏಳುವುದಿಲ್ಲ. ಅದಕ್ಕಿಂತ ತುಳುನಾಡಿನ ಕೋಲದ ಕಣ ಒಳ್ಳೆಯ ಮಾದರಿ: ಊರಿನವರು, ಮನೆತನದವರು ಸೇರಿರುವಾಗ ಕಕ್ಷಿಗಳು ತಮ್ಮ ತಕರಾರನ್ನು ದೈವದ ಮುಂದಿಡುತ್ತಾರೆ. ಇಬ್ಬರೂ ಅದರ ನುಡಿಗೆ ತಲೆಬಾಗಲು ಒಪ್ಪಿ ಬಂದಿರುವುದರಲ್ಲೇ ಆ ನುಡಿಯ ಅಧಿಕಾರದ ಒಂದು ಪಾಲು ಇದೆ. ನಿಮ್ಮ ನ್ಯಾಯಾಧೀಶರು ಮನುಷ್ಯರಾಗಿರಲಿ, ಊಟದ ನಂತರ ತೂಕಡಿಸುವವರಾಗಿರಲಿ, ಕಡತವನ್ನು ಓದದೆ ತೀರ್ಪು ಕೊಡಲಾಗದವರಾಗಿರಲಿ.

ಸಮನ್ಸು

ಕಥೆ ಇಲ್ಲಿ ಶುರುವಾಗುತ್ತದೆಂದು ನಾನು ನಂಬಿದ್ದೇನೆ. 1971ರಲ್ಲಿ ಅಮೆರಿಕದ ಪೆನ್ಸಿಲ್ವೇನಿಯಾದಲ್ಲಿ ಒಬ್ಬ ಮನುಷ್ಯ ತನ್ನ ಬದುಕು ಹಾಳಾದದ್ದಕ್ಕೆ ಸೈತಾನನೂ ಅವನ ಸಿಬ್ಬಂದಿಯೂ ಕಾರಣರೆಂದು ಫೆಡರಲ್ ಕೋರ್ಟಿಗೆ ಅರ್ಜಿ ಹಾಕಿದ. ನ್ಯಾಯಾಧೀಶರು ಸೈತಾನನಿದ್ದಾನೆಯೇ ಎಂಬ ಚರ್ಚೆಗೆ ಹೋಗದೆ, ಪ್ರತಿವಾದಿಯು ಈ ಜಿಲ್ಲೆಯ ನಿವಾಸಿಯೆಂದು ಅರ್ಜಿಯಲ್ಲಿ ಹೇಳಿಲ್ಲ, ಸಮನ್ಸನ್ನು ಹೇಗೆ ಜಾರಿ ಮಾಡಬೇಕೆಂಬ ಸೂಚನೆಯನ್ನೂ ಕೊಟ್ಟಿಲ್ಲ ಎಂಬ ಕಾರಣಗಳನ್ನೂ ಎತ್ತಿ ಅರ್ಜಿಯನ್ನು ತಳ್ಳಿಹಾಕಿದರು. ಅದಕ್ಕೂ ನಾನೂರೈವತ್ತು ವರ್ಷಗಳಷ್ಟು ಹಿಂದೆ, ಫ್ರಾನ್ಸಿನ ಓತಾಂ ಸೀಮೆಯಲ್ಲಿ ಬಾರ್ಲಿ ಬೆಳೆ ತಿಂದ ಆರೋಪ ಹೊತ್ತ ಇಲಿಗಳ ಪರವಾಗಿ ನಿಂತ ವಕೀಲ ಶಾಸ್ಸನೇ, ಇಲಿಗಳು ಹಲವು ಊರುಗಳಲ್ಲಿ ಹರಡಿರುವುದರಿಂದ ಒಂದೇ ಕರೆ ಸಾಲದೆಂದು ವಾದಿಸಿದ; ಮತ್ತೆ ಕರೆದ ಮೇಲೆ, ದಾರಿಯುದ್ದಕ್ಕೂ ಬೆಕ್ಕುಗಳು ಕಾದು ಕುಳಿತಿರುವಾಗ ತನ್ನ ಕಕ್ಷಿದಾರರು ಕೋರ್ಟಿಗೆ ಬರುವುದಾದರೂ ಹೇಗೆ ಎಂದು ಕೇಳಿದನೆಂಬ ಕಥೆ ಪ್ರಸಿದ್ಧವಾಗಿದೆ. ಇಬ್ಬರೂ ಅಸಾಧಾರಣ ಸಂಗತಿಯನ್ನು ಸಾಧಾರಣ ನಿಯಮದ ಮೂಸೆಯಲ್ಲಿ ಹಾಕಿದರು. ನಗು ಬರುವುದೂ ಅಲ್ಲಿಯೇ, ಆಳ ಬರುವುದೂ ಅಲ್ಲಿಯೇ.

ನಮ್ಮ ಅಜ್ಜಿಗೆ ಸಮನ್ಸು ಜಾರಿ ಮಾಡಲು ಅಮೀನ ಹೋಗುತ್ತಾನೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 5ನೇ ಆದೇಶವೆಂಬ ನಿಯಮಗಳ ಗುಂಪಿನ ಪ್ರಕಾರ, ಪ್ರತಿವಾದಿ ತೆಗೆದುಕೊಳ್ಳಲು ಒಪ್ಪದಿದ್ದರೆ ಅಥವಾ ಹುಡುಕಿದರೂ ಸಿಗದಿದ್ದರೆ, ಅವರು ವಾಸಿಸುವ ಮನೆಯ ಹೊರಬಾಗಿಲಿಗೆ ಅಥವಾ ಎದ್ದು ಕಾಣುವ ಜಾಗಕ್ಕೆ ಪ್ರತಿಯನ್ನು ಅಂಟಿಸಿ, ಮನೆಯನ್ನು ಗುರುತಿಸಿದವರು ಯಾರು, ಅಂಟಿಸಿದ್ದು ಯಾರ ಎದುರು ಎಂದು ಷರಾ ಬರೆದು ಹಿಂದಿರುಗಬೇಕು. ದೃಶ್ಯವನ್ನು ಇಲ್ಲಿ ನಿಧಾನವಾಗಿ ಬರೆಯಿರಿ. ಮನೆಯ ಹೊರಬಾಗಿಲು ವಾದಿಗಳ ಸ್ವಾಧೀನದಲ್ಲಿರುವುದರಿಂದ ಅಲ್ಲಿ ಅಂಟಿಸಿದರೆ ವಾದಿಗೇ ಸಮನ್ಸು ಕೊಟ್ಟಂತಾಗುತ್ತದೆ. ಅಜ್ಜಿಯ ಬಾಗಿಲೆಂದರೆ ಅಟ್ಟದ ಬಾಗಿಲು. ಅಮೀನ ಮೈದಾ ಅಂಟಿನ ಡಬ್ಬಿ ಹಿಡಿದು ಏಣಿ ಹತ್ತುತ್ತಾನೆ, ಪಕ್ಕದ ತೋಟದ ಇಬ್ಬರನ್ನು ಪಂಚರಾಗಿ ಕೆಳಗೆ ನಿಲ್ಲಿಸುತ್ತಾನೆ, ಕಾಗದವನ್ನು ಅಂಟಿಸಿ ಇಳಿಯುವಷ್ಟರಲ್ಲಿ ಅದು ಮಡಚಿಕೊಂಡು ಅವನ ಜೋಳಿಗೆಯೊಳಗೇ ಇರುತ್ತದೆ. ಈಗ ಅವನು ಬರೆಯಬೇಕಾದ ಷರಾ ಯಾವುದು? ‘ಪ್ರತಿವಾದಿ ಸ್ವೀಕರಿಸಲಿಲ್ಲ’ ಎಂದೋ, ‘ಪ್ರತಿವಾದಿ ಓದಿ ಹಿಂದಿರುಗಿಸಿದ್ದಾರೆ’ ಎಂದೋ? ನಾನಾದರೆ ಅಧ್ಯಾಯವನ್ನು ಈ ಪ್ರಶ್ನೆಯ ಮೇಲೆಯೇ ನಿಲ್ಲಿಸುತ್ತೇನೆ.

ವಾಯಿದೆಯ ದಿನ ದಫೇದಾರನು ಪಡಸಾಲೆಗೆ ಬಂದು ಅಜ್ಜಿಯ ಹೆಸರನ್ನು ಮೂರು ಸಲ ಕೂಗುತ್ತಾನೆ. ರಾತ್ರಿ ಹೊರಗಿನಿಂದ ಹೆಸರು ಹಿಡಿದು ಕರೆದರೆ ಒಂದೇ ಕರೆಗೆ ಓಗೊಡಬಾರದೆಂದು ಕೇಳಿ ಬೆಳೆದ ಓದುಗರಿಗೆ ಆ ಕೂಗಿನ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ಸುಮ್ಮನೆ ಕೂಗಿಸಿ, ಮುಂದಕ್ಕೆ ಹೋಗಿ.

ಪ್ರತ್ಯುತ್ತರ

ಇಲ್ಲಿಂದ ಮುಂದೆ ಕನ್ನಡ ನಾಡಿನ ಒಂದು ಹಳೆಯ ಗ್ರಂಥದ ನೆರವು ಪಡೆಯಬಹುದು. ಯಾಜ್ಞವಲ್ಕ್ಯಸ್ಮೃತಿಗೆ ಮಿತಾಕ್ಷರವೆಂಬ ವ್ಯಾಖ್ಯಾನವನ್ನು ಬರೆದ ವಿಜ್ಞಾನೇಶ್ವರನು ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದವನು; ಅವನ ಕಲ್ಯಾಣವೇ ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣ. ಆ ಪರಂಪರೆಯಲ್ಲಿ ವ್ಯವಹಾರಕ್ಕೆ ನಾಲ್ಕು ಪಾದಗಳು: ವಾದಿಯ ಭಾಷೆ ಅಂದರೆ ಫಿರ್ಯಾದು, ಪ್ರತಿವಾದಿಯ ಉತ್ತರ, ಪ್ರಮಾಣವನ್ನು ಅಂದರೆ ರುಜುವಾತನ್ನು ಒದಗಿಸುವ ಕ್ರಿಯೆ, ಕೊನೆಗೆ ಸಿದ್ಧಿ ಅಂದರೆ ತೀರ್ಮಾನ. ಉತ್ತರದಲ್ಲಿ ಮತ್ತೆ ನಾಲ್ಕು ಬಗೆ: ಒಪ್ಪಿಕೊಳ್ಳುವ ಸಂಪ್ರತಿಪತ್ತಿ, ಇಲ್ಲವೆನ್ನುವ ಮಿಥ್ಯೆ, ಹೌದು ಆದರೆ ಅದಕ್ಕೆ ಕಾರಣವಿದೆಯೆನ್ನುವ ಪ್ರತ್ಯವಸ್ಕಂದನ, ಇದು ಹಿಂದೆಯೇ ತೀರ್ಮಾನವಾಗಿದೆಯೆನ್ನುವ ಪ್ರಾಙ್ನ್ಯಾಯ. ನಾಲ್ಕನೆಯದು ಅಲೌಕಿಕ ಕೋರ್ಟಿಗೆ ಹೇಳಿ ಮಾಡಿಸಿದಂತಿದೆ. ಒಂದೇ ವಿಷಯಕ್ಕೆ ಎರಡು ಸಲ ದಾವೆ ಹೂಡುವಂತಿಲ್ಲವೆಂಬ ನಿಯಮ ಇಂದಿಗೂ ಸಂಹಿತೆಯ 11ನೇ ಕಲಮಿನಲ್ಲಿ ಇದೆ; ಆದರೆ ಹಿಂದಿನ ಮೊಕದ್ದಮೆ ಹಿಂದಿನ ಜನ್ಮದಲ್ಲಿ ನಡೆದಿದ್ದರೆ ಇಂದಿನ ಕಕ್ಷಿಗಳು ಅವೇ ಕಕ್ಷಿಗಳೋ, ಬೇರೆಯವರೋ? ಇದೊಂದೇ ಪ್ರಶ್ನೆಯ ಮೇಲೆ ಇಡೀ ಕಾದಂಬರಿ ನಿಲ್ಲಬಲ್ಲದು.

ನಮ್ಮ ಅಜ್ಜಿಯದು ಮೂರನೆಯ ಬಗೆ. ತಾನು ಅಟ್ಟದಲ್ಲಿರುವುದನ್ನು ಆಕೆ ಒಪ್ಪಿಕೊಳ್ಳುತ್ತಾಳೆ, ಕಾರಣ ಹೇಳುತ್ತಾಳೆ: ಮನೆಯಲ್ಲಿ ಯಾರ ಅಪ್ಪಣೆಯೂ ಇಲ್ಲದೆ, ಬಹಿರಂಗವಾಗಿ, ಒಂದು ದಿನವೂ ತಪ್ಪದೆ ಹನ್ನೆರಡು ವರ್ಷಕ್ಕಿಂತ ಹೆಚ್ಚು ಕಾಲ ಇದ್ದೇನೆ, ಆದ್ದರಿಂದ ಸ್ವಾಧೀನ ಕೇಳುವ ನಿಮ್ಮ ಹಕ್ಕು ಕಾಲಮಿತಿಯಿಂದ ನಂದಿಹೋಗಿದೆ. 1963ರ ಕಾಲಮಿತಿ ಕಾಯ್ದೆಯ ಹನ್ನೆರಡು ವರ್ಷ ನಮ್ಮ ಹಳ್ಳಿಯ ಕಟ್ಟೆಗಳಲ್ಲೂ ಎಲ್ಲರಿಗೂ ಬಾಯಿಪಾಠ. ವಾದಿಯ ವಕೀಲರು ಎದ್ದುನಿಂತು, ಕಣ್ಣಿಗೆ ಕಾಣದವರ ಸ್ವಾಧೀನ ಬಹಿರಂಗವಾಗುವುದು ಹೇಗೆ ಎಂದು ಕೇಳಬೇಕು. ಯಾಜ್ಞವಲ್ಕ್ಯನೂ, ಇನ್ನೊಬ್ಬರು ಅನುಭವಿಸುತ್ತಿರುವುದನ್ನು ನೋಡಿಯೂ ಮಾತಾಡದ ಮಾಲೀಕನಿಗೆ ಇಪ್ಪತ್ತು ವರ್ಷಗಳಲ್ಲಿ ಭೂಮಿಯ ಹಾನಿಯೆಂದು ಹೇಳುವಾಗ ‘ನೋಡಿಯೂ’ ಎಂದೇ ಹೇಳುತ್ತಾನೆ. ನೋಡಲು ಅಲ್ಲಿ ಏನಿತ್ತು? ಅಜ್ಜಿಯ ಕಡೆಯವರ ಉತ್ತರ: ನೋಡಲು ಇರಲಿಲ್ಲ, ಕೇಳಲು ಇತ್ತು, ಒನಕೆಯ ಸದ್ದು ಮೂರು ತೋಟಗಳ ಆಚೆಗೂ ಕೇಳುತ್ತಿತ್ತು. ಇಷ್ಟರಲ್ಲಿ ನ್ಯಾಯಾಧೀಶರು ವಿವಾದಾಂಶವನ್ನು ಬರೆಸುತ್ತಾರೆ: ಕೇಳಿಸುವ ಸ್ವಾಧೀನವು ಬಹಿರಂಗ ಸ್ವಾಧೀನವೇ? ಗಮನಿಸಿ, ‘ದೆವ್ವ ಇದೆಯೇ’ ಎಂಬುದು ವಿವಾದಾಂಶವಾಗಲಿಲ್ಲ.

ಪ್ರಮಾಣ, ಮತ್ತು ದಿವ್ಯವನ್ನು ಕೊನೆಗೆ ಇಡುವುದು

ಲಿಖಿತ, ಭುಕ್ತಿ ಅಂದರೆ ಅನುಭೋಗ, ಸಾಕ್ಷಿಗಳು ಇವು ಪ್ರಮಾಣಗಳು. ಇವುಗಳಲ್ಲಿ ಯಾವುದೂ ಇಲ್ಲದಿದ್ದರೆ ಆಗ ದಿವ್ಯ, ಅಂದರೆ ಬೆಂಕಿ-ನೀರುಗಳಂಥವುಗಳಿಂದ ದೈವಸಾಕ್ಷಿಯಾಗಿ ನಡೆಸುವ ಪರೀಕ್ಷೆ, ಎಂದು ಯಾಜ್ಞವಲ್ಕ್ಯ ಹೇಳುತ್ತಾನೆ. ದೇವರು ಸತ್ಯವನ್ನು ತೋರಿಸಿಯೇ ತೋರಿಸುತ್ತಾನೆಂದು ನಂಬಿದ್ದ ಕಾಲದವರೇ ದೇವರನ್ನು ಕೊನೆಯ ಸಾಕ್ಷಿಯಾಗಿ ಇಟ್ಟುಕೊಂಡಿದ್ದರೆಂಬುದನ್ನು ಕಥೆಗಾರರು ಮರೆಯಬಾರದು. ಕ್ರಯಪತ್ರ ಮೊದಲು ಬರಲಿ, ಕಂದಾಯದ ರಶೀದಿ ಬರಲಿ, ನೆರೆಮನೆಯವರು ಬರಲಿ.

ನಿಮ್ಮ ಸಾಕ್ಷಿಗಳ ಹೇಳಿಕೆಯನ್ನು ಕೋರ್ಟಿನ ಕನ್ನಡದಲ್ಲೇ ಬರೆಯಿರಿ. ಪಾಟೀ ಸವಾಲಿನಲ್ಲಿ ವಕೀಲರು ಕೇಳಿದ್ದನ್ನೂ ಸಾಕ್ಷಿ ಹೇಳಿದ್ದನ್ನೂ ಒಂದೇ ವಾಕ್ಯಕ್ಕೆ ಹೊಲಿಯುವ ಪದ್ಧತಿ ನಮ್ಮಲ್ಲಿದೆ; ಪ್ರಶ್ನೆಯನ್ನು ಸಾಕ್ಷಿಯ ಬಾಯಿಂದಲೇ ಹೇಳಿಸಿ, ಕೊನೆಗೆ ‘ಸರಿ’ ಅಥವಾ ‘ಸರಿಯಲ್ಲ’ ಎಂದು ಸೇರಿಸುತ್ತೇವೆ. ಅಜ್ಜಿಯ ಹೇಳಿಕೆಯನ್ನು ನಾನು ಟೈಪು ಮಾಡಿದ್ದರೆ ಹೀಗಿರುತ್ತಿತ್ತು: ‘ನಾನು ಸತ್ತಿದ್ದೇನೆ ಎಂದರೆ ಸರಿ. ಸತ್ತ ನಂತರ ಹನ್ನೊಂದನೆಯ ದಿನ ನನ್ನ ಮಕ್ಕಳು ನನ್ನನ್ನು ಕಳುಹಿಸಿಕೊಟ್ಟಿದ್ದಾರೆ ಎಂದರೆ ಸರಿಯಲ್ಲ. ಸಾಕ್ಷಿಯು ತಾನಾಗಿ ಮುಂದುವರಿದು, ಅವರು ಅವಸರದಲ್ಲಿದ್ದರು, ಬಸ್ಸಿಗೆ ಹೊತ್ತಾಗಿತ್ತು ಎಂದು ಹೇಳುತ್ತಾರೆ. ಒರಳಿನಲ್ಲಿ ಕುಟ್ಟಲು ಭತ್ತ ಇರುವುದಿಲ್ಲ ಎಂದರೆ ಸರಿ. ಆದ್ದರಿಂದ ನಾನು ಕುಟ್ಟುವುದು ವಾದಿಯರನ್ನು ಹೆದರಿಸಲು ಮಾತ್ರ ಎಂದರೆ ಸರಿಯಲ್ಲ.’ ಕೆಳಗೆ ‘ಓದಿ ಹೇಳಿದ್ದನ್ನು ಕೇಳಿದೆ, ಸರಿಯಿದೆ’ ಎಂಬ ಸಾಲು, ಅದರ ಕೆಳಗೆ ಹೆಬ್ಬೆರಳಿನ ಗುರುತಿನ ಜಾಗದಲ್ಲಿ ಒಂದಿಷ್ಟು ಅಟ್ಟದ ಮಸಿ. ಈ ಭಾಷೆಯ ಒಣತನವೇ ದುಃಖವನ್ನು ಹೊರುತ್ತದೆ. ನೀವಾಗಿ ಕಣ್ಣೀರನ್ನು ಬೆರೆಸಬೇಕಾಗಿಲ್ಲ. ಕಟಕಟೆಯಲ್ಲಿ ಅಜ್ಜಿ ಎಳೆಯ ವಕೀಲರನ್ನು ‘ಮಗಾ’ ಎಂದು ಕರೆದರೆ ಕರೆಯಲಿ, ಅವರು ‘ಅಜ್ಜೀ’ ಎಂದೇ ಓಗೊಡಲಿ. ಕಡತದಲ್ಲಿ ಮಾತ್ರ ‘ಸಾಕ್ಷಿಯು’ ಎಂದಿರುತ್ತದೆ.

ಸತ್ತವರ ಮಾತಿಗೆ ನಮ್ಮ ಕಾನೂನಿನಲ್ಲಿ ಈಗಾಗಲೇ ಒಂದು ಸ್ಥಾನವಿದೆ. ತನ್ನ ಸಾವಿನ ಕಾರಣದ ಬಗ್ಗೆ ಒಬ್ಬರು ಸಾಯುವ ಮೊದಲು ಹೇಳಿದ್ದನ್ನು ಮರಣ ಹೇಳಿಕೆಯೆಂದು 1872ರ ಸಾಕ್ಷ್ಯ ಕಾಯ್ದೆಯ 32ನೇ ಕಲಮು ಒಪ್ಪಿಕೊಂಡಿತ್ತು. ಅದರ ಜಾಗಕ್ಕೆ 2024ರ ಜುಲೈ 1ರಿಂದ ಬಂದಿರುವ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲೂ ಅದು ಉಳಿದಿದೆ. ಹೇಳಿದವರನ್ನು ಪಾಟೀ ಸವಾಲಿಗೆ ಕರೆಯಲಾಗದೆಂಬುದು ಅದರ ದೊಡ್ಡ ಕೊರತೆ. ದೆವ್ವವನ್ನು ಕಟಕಟೆಗೆ ಹತ್ತಿಸಿದೊಡನೆ ಆ ಕೊರತೆ ಅಳಿದು, ಮರಣ ಹೇಳಿಕೆಯ ಮೇಲೆ ಶಿಕ್ಷೆಯಾದ ಹಳೆಯ ಪ್ರಕರಣಗಳೆಲ್ಲ ಮತ್ತೆ ತೆರೆದುಕೊಳ್ಳುತ್ತವೆ.

ದೆವ್ವದ ಅಸ್ತಿತ್ವವನ್ನು ಸಾಬೀತುಪಡಿಸದೆಯೇ ದೆವ್ವದ ಮೊಕದ್ದಮೆ ನಡೆಸುವ ಬಗೆಗೆ 1991ರ ನ್ಯೂಯಾರ್ಕಿನ ಒಂದು ತೀರ್ಪನ್ನು ನೋಡಬಹುದು. ನಯಾಕ್ ಎಂಬ ಊರಿನ ಮನೆಯೊಂದನ್ನು ಆರೂವರೆ ಲಕ್ಷ ಡಾಲರಿಗೆ ಮಾತಾಡಿ 32,500 ಡಾಲರ್ ಮುಂಗಡ ಕೊಟ್ಟ ಖರೀದಿದಾರನಿಗೆ, ಆ ಮನೆ ದೆವ್ವದ ಮನೆಯೆಂದು ಹೆಸರಾದದ್ದೆಂಬುದು ಆಮೇಲೆ ಗೊತ್ತಾಯಿತು. ಮಾರುವವರು ತಾವೇ ಹಿಂದೆ ಪತ್ರಿಕೆಗಳಲ್ಲಿ ಆ ದೆವ್ವಗಳ ಬಗ್ಗೆ ಹೇಳಿಕೊಂಡಿದ್ದರು. ಊರಿಗೆಲ್ಲ ಹೇಳಿಕೊಂಡ ಮೇಲೆ ಈಗ ಇಲ್ಲವೆನ್ನಲು ಬರುವುದಿಲ್ಲ, ಆದ್ದರಿಂದ ಕಾನೂನಿನ ಮಟ್ಟಿಗೆ ಆ ಮನೆಯಲ್ಲಿ ದೆವ್ವವಿದೆ ಎಂದು ಮೇಲ್ಮನವಿ ಪೀಠವು ಹೇಳಿ, ಕರಾರು ರದ್ದತಿಯ ಬೇಡಿಕೆಗೆ ದಾರಿ ಬಿಟ್ಟಿತು. ಆಡಿದ ಮಾತಿಗೆ ಆಡಿದವರನ್ನೇ ಕಟ್ಟಿಹಾಕುವ ಈ ತತ್ತ್ವವನ್ನು ನಮ್ಮ ಕಥೆಗೆ ತಂದರೆ, ಮನೆ ಮಾರುವಾಗ ಮಕ್ಕಳು ಬೆಂಗಳೂರಿನವರಿಗೆ ‘ಅಮ್ಮ ಇನ್ನೂ ಇಲ್ಲೇ ಇದ್ದಾಳೆ ಎನ್ನಿಸುತ್ತದೆ’ ಎಂದು ಭಾವುಕರಾಗಿ ಕಳುಹಿಸಿದ ಒಂದು ವಾಟ್ಸಾಪ್ ಸಂದೇಶವು ಪ್ರತಿವಾದಿಯ ಕಡೆಯ ಮೊದಲ ದಾಖಲೆಯಾಗಿ, ನಿಶಾನೆ ಡಿ-1 ಎಂದು ಸೇರುತ್ತದೆ.

ಇಷ್ಟೆಲ್ಲ ಮುಗಿದೂ ವಿಷಯ ಇತ್ಯರ್ಥವಾಗದಿದ್ದರೆ ದಿವ್ಯಕ್ಕೆ ಬನ್ನಿ. ತುಲೆ, ಅಗ್ನಿ, ಜಲ, ವಿಷ, ಕೋಶ ಎಂಬ ಐದನ್ನು ಸ್ಮೃತಿ ಹೇಳುತ್ತದೆ. ಕಾಯಿಸಿದ ನೇಗಿಲ ಗುಳವನ್ನು ಹಿಡಿಯುವ ಫಾಲದಿವ್ಯದ ಉಲ್ಲೇಖ ನಮ್ಮ ಶಾಸನಗಳಲ್ಲಿ ಸಿಗುತ್ತದೆ. ದಿವ್ಯವನ್ನು ಕೇಳುವವನು, ತಾನು ಸೋತರೆ ದಂಡಕ್ಕೆ ತಲೆಯೊಡ್ಡುತ್ತೇನೆಂದು ಒಪ್ಪಿಕೊಂಡಿರಬೇಕೆಂಬ ನಿಯಮವೂ ಅಲ್ಲಿದೆ, ಅದನ್ನು ಬಿಡಬೇಡಿ. ಈಗ ಅಜ್ಜಿಯನ್ನು ಈ ಐದರ ಮುಂದೆ ನಿಲ್ಲಿಸಿ ನೋಡಿ. ಬೆಂಕಿ ಆಕೆಯನ್ನು ಒಮ್ಮೆ ಸುಟ್ಟಾಗಿದೆ. ನೀರಿನಲ್ಲಿ ಉಸಿರು ಹಿಡಿಯಬೇಕಾದ ಅಗತ್ಯ ಆಕೆಗಿಲ್ಲ, ವಿಷಕ್ಕೆ ಮಾಡಲು ಕೆಲಸವಿಲ್ಲ. ಹೆಂಗಸರಿಗೂ ಮುದುಕರಿಗೂ ತುಲೆಯೇ ತಕ್ಕದ್ದೆಂದು ಸ್ಮೃತಿ ಹೇಳುವುದರಿಂದ ನಿಯಮದಂತೆ ಆಕೆಗೆ ಸಿಗಬೇಕಾದದ್ದು ತಕ್ಕಡಿ. ಆದರೆ ಮೇಲೇರಿದವರು ಶುದ್ಧರು, ಕೆಳಗಿಳಿದವರು ದೋಷಿಗಳು ಎನ್ನುವ ಆ ತಕ್ಕಡಿಯಲ್ಲಿ ತೂಕವೇ ಇಲ್ಲದವಳು ಯಾವಾಗಲೂ ಮೇಲೇ ಇರುತ್ತಾಳೆ. ವಾದಿಯ ವಕೀಲರು ಇದನ್ನು ಖಂಡಿತವಾಗಿ ಆಕ್ಷೇಪಿಸಬೇಕು. ಉಳಿಯುವುದು ಕೋಶ: ದೇವರಿಗೆ ಅಭಿಷೇಕ ಮಾಡಿದ ನೀರನ್ನು ಕುಡಿದು ಹದಿನಾಲ್ಕು ದಿನ ಕಾಯುವುದು, ಆ ಅವಧಿಯಲ್ಲಿ ಘೋರವಾದ ಆಪತ್ತು ಬಾರದಿದ್ದರೆ ಶುದ್ಧರೆಂದು ತಿಳಿಯುವುದು. ಕಥೆಗಾರರಿಗೆ ಹದಿನಾಲ್ಕು ದಿನಗಳ ಕಾಯುವಿಕೆ ಪುಕ್ಕಟೆಯಾಗಿ ಸಿಕ್ಕಿದೆ. ಎಲ್ಲವನ್ನೂ ಕಳೆದುಕೊಂಡವಳಿಗೆ ಇನ್ನು ಬರಬಹುದಾದ ಆಪತ್ತು ಯಾವುದೆಂದು ಕಕ್ಷಿಗಳಿಬ್ಬರೂ ಆ ದಿನಗಳಲ್ಲಿ ಯೋಚಿಸಲಿ.

ಆಣೆ-ಪ್ರಮಾಣವೂ ಇದೇ ಜಾತಿಯದು. ಎದುರುಪಕ್ಷದವರು ಇಂಥ ರೀತಿಯಲ್ಲಿ ಪ್ರಮಾಣ ಮಾಡಿದರೆ ಅದಕ್ಕೆ ಬದ್ಧನಾಗುತ್ತೇನೆಂದು ಕಕ್ಷಿಯೊಬ್ಬನು ಕೋರ್ಟಿನಲ್ಲಿ ಹೇಳಲು 1873ರ ಪ್ರಮಾಣ ಕಾಯ್ದೆ ಅವಕಾಶ ಕೊಟ್ಟಿತ್ತು. 1969ರ ಹೊಸ ಕಾಯ್ದೆ ಅದನ್ನು ಕೈಬಿಟ್ಟಿತು. ಕೋರ್ಟು ಬಿಟ್ಟರೂ ಜನ ಬಿಟ್ಟಿಲ್ಲ, ರಾಜಕಾರಣಿಗಳಂತೂ ಬಿಟ್ಟಿಲ್ಲ.

ಡಿಕ್ರಿಯ ನಂತರ

ಗೆದ್ದವನ ಕಷ್ಟ ಡಿಕ್ರಿಯಾದ ಮೇಲೆ ಶುರುವಾಗುತ್ತದೆಂಬುದು ಕೋರ್ಟಿನ ಆವರಣದ ಹಳೆಯ ಮಾತು. ಸಂಹಿತೆಯಲ್ಲಿ ಅಮಲ್ಜಾರಿಯನ್ನು, ಅಂದರೆ ಡಿಕ್ರಿಯನ್ನು ಜಾರಿಗೆ ತರುವುದನ್ನು, ಕುರಿತ 21ನೇ ಆದೇಶದಷ್ಟು ಉದ್ದವಾದ ಆದೇಶ ಬೇರೊಂದಿಲ್ಲ. ಅಲೌಕಿಕ ತೀರ್ಪನ್ನು ಜಾರಿಗೆ ತರುವುದು ಹೇಗೆಂದು ನಿರ್ಧರಿಸದೆ ಬರೆಯಲು ಕೂರಬೇಡಿ. ಇದಕ್ಕೆ ಎರಡು ಮಾದರಿಗಳು ನನಗೆ ಇಷ್ಟ.

ಛತ್ತೀಸಗಢದ ಬಸ್ತರ್ ಸೀಮೆಯ ಕೇಶಕಾಲದಲ್ಲಿ ಭಂಗಾರಾಮ ದೇವಿಯ ಗುಡಿಯ ಮುಂದೆ ಭಾದ್ರಪದದಲ್ಲಿ ಸೇರುವ ಜಾತ್ರೆಯಲ್ಲಿ ಊರೂರಿನ ದೇವರುಗಳೇ ಆರೋಪಿಗಳು. ಬೆಳೆ ಕೈಕೊಟ್ಟಿತು, ರೋಗ ಬಂತು, ಪೂಜೆ ಪಡೆದೂ ಕಾಪಾಡಲಿಲ್ಲ ಎಂದು ಜನರು ದೂರುತ್ತಾರೆ, ದೇವಿಯ ಪೀಠ ವಿಚಾರಿಸುತ್ತದೆ, ಕೋಳಿ ಸಾಕ್ಷಿಯಾಗುತ್ತದೆ. ತಪ್ಪಿತಸ್ಥನೆಂದು ಕಂಡ ದೇವರ ಮೂರ್ತಿಯನ್ನು ಗುಡಿಯ ಹಿಂದಕ್ಕೆ ಒಯ್ದು ಮರದ ಬುಡದಲ್ಲಿ ಬಿಡುತ್ತಾರೆ. ನಡತೆ ಸುಧಾರಿಸಿತೆಂದು ಭಕ್ತರಿಗೆ ತೋರಿದರೆ ಮರಳಿ ಕರೆತರುವುದೂ ಉಂಟು. ದೇವರಿಗೆ ಪೂಜೆ ನಿಲ್ಲುವುದೇ ಸೆರೆ. ಶಿಕ್ಷೆಯೆಂಬುದು ಆರೋಪಿಯ ಸ್ವಭಾವಕ್ಕೆ ತಕ್ಕಂತಿರಬೇಕೆಂಬುದನ್ನು ಇದಕ್ಕಿಂತ ಚೆನ್ನಾಗಿ ನಾನು ಎಲ್ಲೂ ಕಂಡಿಲ್ಲ.

ಇನ್ನೊಂದು ಐಸ್‌ಲ್ಯಾಂಡಿನ ಐರ್‌ಬಿಗ್ಯಾ ಸಾಗಾ ಎಂಬ ಹಳೆಯ ಕಥನದಲ್ಲಿದೆ. ಫ್ರೋಡಾ ಎಂಬ ಮನೆಯಲ್ಲಿ ಮುಳುಗಿ ಸತ್ತವರೂ ರೋಗದಿಂದ ಸತ್ತವರೂ ಸಂಜೆಯಾದರೆ ಬಂದು ಒಲೆಯ ಸುತ್ತ ಕೂರುತ್ತಾರೆ. ಮನೆಯವರು ಬಾಗಿಲಲ್ಲಿ ನ್ಯಾಯಪೀಠ ಕೂರಿಸಿ, ಅಪ್ಪಣೆಯಿಲ್ಲದೆ ಮನೆಯೊಳಗೆ ಓಡಾಡಿ ಜನರ ಜೀವಕ್ಕೂ ಆರೋಗ್ಯಕ್ಕೂ ಕುಂದು ತಂದರೆಂದು ಒಬ್ಬೊಬ್ಬರ ಮೇಲೂ ಆರೋಪ ಹೊರಿಸಿ, ಸಾಕ್ಷಿ ಕೇಳಿ, ತೀರ್ಪು ಹೇಳುತ್ತಾರೆ. ತನ್ನ ತೀರ್ಪು ಬಂದೊಡನೆ ಪ್ರತಿಯೊಬ್ಬ ಸತ್ತವನೂ ಎದ್ದು, ಒಲ್ಲದ ಮನಸ್ಸಿನಿಂದ ಒಂದು ಮಾತಾಡಿ ಹೊರಟುಹೋಗುತ್ತಾನೆ; ಹೋಗುವುದು ಪೀಠ ಕೂತಿರದ ಇನ್ನೊಂದು ಬಾಗಿಲಿನಿಂದ. ನೀವು ಕಟ್ಟುವ ಕೋರ್ಟಿನ ಕೋಣೆಗೂ ಎರಡನೆಯ ಬಾಗಿಲೊಂದನ್ನು ಇಟ್ಟಿರಿ.

ನಮ್ಮ ಮೊಕದ್ದಮೆ ರಾಜಿಯಲ್ಲಿ ಮುಗಿಯಲಿ ಎಂಬುದು ನನ್ನ ಸಲಹೆ. ಮಾಲೀಕತ್ವ ದಂಪತಿಗೆ, ಅಟ್ಟದಲ್ಲಿ ವಾಸದ ಹಕ್ಕು ಅಜ್ಜಿಗೆ. ರಾತ್ರಿ ಹನ್ನೆರಡರ ನಂತರ ಕುಟ್ಟುವಂತಿಲ್ಲ, ಹಬ್ಬದ ಹಿಂದಿನ ದಿನಗಳನ್ನು ಹೊರತುಪಡಿಸಿ. ರಾಜಿ ಅರ್ಜಿಯನ್ನು ಟೈಪು ಮಾಡುವಾಗ ತೊಡಕು ಬರುತ್ತದೆ. ವಾಸದ ಹಕ್ಕಿನ ಮುಂದೆ ‘ಜೀವಿತಾವಧಿಯವರೆಗೆ’ ಎಂದು ಬರೆಯುವುದು ರೂಢಿ. ಇಲ್ಲಿ ಹಾಗೆ ಬರೆದರೆ ಹಕ್ಕು ಇಪ್ಪತ್ತೆರಡು ವರ್ಷ ಹಿಂದೆಯೇ ಮುಗಿದಿದೆ. ‘ಶಾಶ್ವತವಾಗಿ’ ಎನ್ನಲು ದಂಪತಿ ಒಪ್ಪುವುದಿಲ್ಲ. ಬೆಂಚ್ ಕ್ಲರ್ಕು ಕನ್ನಡಕ ತೆಗೆದು ಒರೆಸಿಕೊಳ್ಳುತ್ತಾರೆ, ವಕೀಲರಿಬ್ಬರೂ ಚಹಾ ಕುಡಿದು ಬರುತ್ತಾರೆ, ಕೊನೆಗೆ ಎಲ್ಲರ ಒಪ್ಪಿಗೆಯ ಮೇಲೆ ‘ಸದರಿ ಒರಳು ಸದರಿ ಮನೆಯಲ್ಲಿ ಇರುವವರೆಗೆ’ ಎಂಬ ಮಾತು ಹಾಳೆಗೆ ಬೀಳುತ್ತದೆ. ನ್ಯಾಯಾಧೀಶರು ರುಜು ಹಾಕುತ್ತಾರೆ.

ಮುಂದಿನ ಕಥೆಯ ವಾದಪತ್ರವನ್ನು, ಬೆಂಗಳೂರಿನಿಂದ ಹಳೆಯ ಕಲ್ಲಿನ ಸಾಮಾನು ಕೊಳ್ಳುವವನೊಬ್ಬ ಟೆಂಪೋ ತಂದು ಆ ಮನೆಯ ಅಂಗಳದಲ್ಲಿ ನಿಲ್ಲಿಸಿದ ದಿನಾಂಕದಿಂದ ಆರಂಭಿಸಿ. ವ್ಯಾಜ್ಯಕಾರಣ ಉದ್ಭವಿಸಿದ್ದು ಆ ದಿನ.